ಕ್ಷಣದಲ್ಲಿ ದೂರ ದಾಟುವ ವಿದ್ಯೆ ಮತ್ತು ಅದರ ಪಾಠಶಾಲೆ

(ದತ್ತಿ ಉಪನ್ಯಾಸದ ಬರಹರೂಪ)



ದತ್ತಿ ಉಪನ್ಯಾಸವೆಂದರೆ ವಚನ, ಕೀರ್ತನೆ, ನವ್ಯಕಾವ್ಯ ಇವುಗಳಲ್ಲಿ ಒಂದಿರುತ್ತದೆ ಎಂದು ನೀವು ಎಣಿಸಿದ್ದರೆ ತಪ್ಪಲ್ಲ. ನಾನು ಇವತ್ತು ಎಲ್ಲೂ ಇಲ್ಲದ ಒಂದು ಶಾಲೆಯ ಬಗ್ಗೆ ಮಾತಾಡಲು ಬಂದಿದ್ದೇನೆ. ಇಲ್ಲಿ ಮಾಯವಾಗಿ ಅಲ್ಲಿ ಕಾಣಿಸಿಕೊಳ್ಳುವುದನ್ನು ಕಲಿಸುವ ಶಾಲೆ ಅದು. ಕಟ್ಟಡವಿಲ್ಲ, ಹಾಜರಿ ಪುಸ್ತಕವಿಲ್ಲ. ಆದರೂ ಎರಡು ಸಾವಿರ ವರ್ಷಗಳಿಂದ ಅದಕ್ಕೆ ಗುರುಗಳಿದ್ದಾರೆ, ಪಠ್ಯಕ್ರಮವಿದೆ, ನಪಾಸಾದವರೂ ಇದ್ದಾರೆ.

ಇಂಥ ವಿದ್ಯೆ ಸಾಧ್ಯವೇ ಎಂಬುದು ನನ್ನ ಪ್ರಶ್ನೆಯಲ್ಲ. ಈ ವಿದ್ಯೆ ಯಾರಿಗೆ ಒಲಿಯುತ್ತದೆ ಎಂದು ಕಥೆಗಳು ಹೇಳುತ್ತವೆ, ಅದನ್ನು ಯಾರು ಕಲಿಸುತ್ತಾರೆ, ಶುಲ್ಕ ಏನು, ಇವು ನನ್ನ ಪ್ರಶ್ನೆಗಳು. ಬಹಳ ದಿನ ಈ ಕಥೆಗಳನ್ನು ಒಟ್ಟಿಗೆ ಇಟ್ಟುಕೊಂಡು ಓದಿದ ಮೇಲೆ ನನಗೆ ಒಂದು ಮಾತು ಖಚಿತವಾಗಿದೆ. ಕ್ಷಣದಲ್ಲಿ ದೂರ ದಾಟುವ ವಿದ್ಯೆ ಮೊದಲು ಒಲಿಯುವುದು ನಿಲ್ಲಲು ನೆಲೆ ಇಲ್ಲದವನಿಗೆ. ಶಾಲೆ ಬರುವುದು ಆಮೇಲೆ. ಬಂದ ಶಾಲೆ ಆ ವಿದ್ಯೆಯನ್ನು ನೆಲೆಯಿದ್ದವರ ಅನುಕೂಲವನ್ನಾಗಿ ಮಾಡುತ್ತದೆ.

ಪಠ್ಯಕ್ರಮದಿಂದಲೇ ಶುರುಮಾಡುತ್ತೇನೆ. ಪತಂಜಲಿಯ ಯೋಗಸೂತ್ರದ ಮೂರನೆಯ ಪಾದದಲ್ಲಿ ಆಕಾಶಗಮನದ ಸಿದ್ಧಿಯ ಪ್ರಸ್ತಾಪ ಬರುತ್ತದೆ. ದೇಹಕ್ಕೂ ಆಕಾಶಕ್ಕೂ ಇರುವ ಸಂಬಂಧದ ಮೇಲೆ, ಹತ್ತಿಯಂಥ ಹಗುರ ವಸ್ತುಗಳ ಮೇಲೆ ಮನಸ್ಸನ್ನು ನಿಲ್ಲಿಸಿದವನಿಗೆ ಅದು ದಕ್ಕುತ್ತದಂತೆ. ಸೂತ್ರ ಅಷ್ಟಕ್ಕೇ ಸುಮ್ಮನಾಗುತ್ತದೆ. ವ್ಯಾಸಭಾಷ್ಯ ಮಾತ್ರ ಒಳ್ಳೆಯ ಮೇಷ್ಟ್ರ ಹಾಗೆ ಅದನ್ನು ತರಗತಿಗಳಾಗಿ ವಿಂಗಡಿಸುತ್ತದೆ. ಸಾಧಕ ಮೊದಲು ನೀರಿನ ಮೇಲೆ ಕಾಲಿಟ್ಟು ನಡೆಯುತ್ತಾನೆ. ಅದು ಬಂದ ಮೇಲೆ ಜೇಡರ ಬಲೆಯ ಎಳೆಯ ಮೇಲೆ, ಆಮೇಲೆ ಸೂರ್ಯನ ಕಿರಣದ ಮೇಲೆ. ಕೊನೆಗೆ ಇಷ್ಟ ಬಂದಲ್ಲಿಗೆ. ಒಟ್ಟು ನಾಲ್ಕು ತರಗತಿ. ಯಾರನ್ನೂ ನೇರವಾಗಿ ನಾಲ್ಕನೆಯದಕ್ಕೆ ಸೇರಿಸಿಕೊಳ್ಳುವುದಿಲ್ಲ. ಕಾಲಿಗೆ ಸಿಗುವ ಆಧಾರ ಒಂದೊಂದು ತರಗತಿಗೂ ತೆಳ್ಳಗಾಗುತ್ತ ಹೋಗುವ ಈ ಕ್ರಮವನ್ನು ಯೋಚಿಸಿದವರು ಯಾರೇ ಆಗಲಿ, ಪಾಠ ಹೇಳಿ ಅಭ್ಯಾಸವಿದ್ದವರೇ. ಇದೇ ಪಾದದಲ್ಲಿ, ಇಂಥ ಸಿದ್ಧಿಗಳು ಸಮಾಧಿಗೆ ಅಡ್ಡಿ ಎಂಬ ಎಚ್ಚರಿಕೆಯೂ ಇದೆ. ಕಲಿಸುತ್ತೇವೆ, ಆದರೆ ಇದಕ್ಕಾಗಿ ಬಂದಿದ್ದರೆ ನೀವು ಬೇರೆ ಕಡೆ ಹೋಗಿ ಎಂದು ಬಾಗಿಲಲ್ಲೇ ಬೋರ್ಡು ಹಾಕಿದ ಶಾಲೆ!

ಜೈನರ ಚಾರಣ ಮುನಿಗಳು ಇನ್ನೂ ಒಂದು ಹೆಜ್ಜೆ ಮುಂದೆ. ನೀರಿನ ಮೇಲೆ ನಡೆಯುವವರು ಜಲಚಾರಣರು, ಹೂವಿನ ಮೇಲೆ ನಡೆಯುವವರು ಪುಷ್ಪಚಾರಣರು, ಎಳೆಯ ಮೇಲೆ ನಡೆಯುವವರು ತಂತುಚಾರಣರು. ಇವರ ಹಿರಿಮೆ ಮುಳುಗದೆ ಇರುವುದರಲ್ಲಿಲ್ಲ. ನೀರಿನಲ್ಲಿರುವ ಜೀವಕ್ಕೆ, ಹೂವಿನಲ್ಲಿರುವ ಜೀವಕ್ಕೆ ಇವರ ಕಾಲಿನಿಂದ ನೋವಾಗುವುದಿಲ್ಲ ಎಂಬುದರಲ್ಲಿದೆ. ಇಷ್ಟು ಸೂಕ್ಷ್ಮವಾದ ಪರೀಕ್ಷೆಯನ್ನು ಬೇರೆ ಯಾವ ದೇಶದ ಮಾಯಾಶಾಲೆಯೂ ಇಟ್ಟದ್ದನ್ನು ನಾನು ಓದಿಲ್ಲ. ಎಲ್ಲ ಕಡೆ ಪ್ರಯಾಣಿಕನಿಗೆ ಏನಾಯಿತು ಎಂದು ನೋಡುತ್ತಾರೆ. ಇಲ್ಲಿ, ಅವನು ಕಾಲಿಟ್ಟ ಜಾಗಕ್ಕೆ ಏನಾಯಿತು ಎಂದು ನೋಡುತ್ತಾರೆ. ಕುಂದಕುಂದಾಚಾರ್ಯರಿಗೆ ಈ ಚಾರಣ ಋದ್ಧಿ, ಅಂದರೆ ಸಿದ್ಧಿ, ಇತ್ತೆಂದು ನಮ್ಮ ಶ್ರವಣಬೆಳಗೊಳದ ಶಾಸನಗಳು ಸಾರುತ್ತವೆ. ಕಲ್ಲಿನಲ್ಲಿ ಕೊರೆಸುವಷ್ಟು ಗಟ್ಟಿಯಾಗಿ ಈ ನೆಲದಲ್ಲಿ ಆ ಕಲ್ಪನೆ ಬೇರು ಬಿಟ್ಟಿತ್ತು.

ಇನ್ನು ಆಕಾಶದಲ್ಲಿ ಹಾರುವ ವಿದ್ಯಾಧರರು. ಇವರ ಹುಟ್ಟಿನ ಕಥೆ ಪಂಪನ ಆದಿಪುರಾಣದಲ್ಲಿ, ಅಂದರೆ 941ರ ಕನ್ನಡದಲ್ಲೇ ಇದೆ. ಆದಿನಾಥ ರಾಜ್ಯವನ್ನೆಲ್ಲ ಮಕ್ಕಳಿಗೆ ಹಂಚಿ ತಪಸ್ಸಿಗೆ ನಿಂತಿದ್ದಾನೆ. ಹಂಚಿಕೆಯಲ್ಲಿ ಪಾಲು ಸಿಗದ ನಮಿ, ವಿನಮಿ ಎಂಬ ಇಬ್ಬರು ಬಂದು ಅವನ ಕಾಲ ಬಳಿ ನಿಂತು ನಮಗೇನು ಕೊಟ್ಟೆ ಎಂದು ಕೇಳುತ್ತಾರೆ. ಮೌನಿಯಾದವನು ಏನು ಹೇಳಿಯಾನು? ನಾಗರ ಒಡೆಯ ಧರಣೇಂದ್ರ ಬಂದು ಅವರನ್ನು ಕರೆದುಕೊಂಡು ಹೋಗಿ, ವಿಜಯಾರ್ಧ ಪರ್ವತದ ಒಡೆತನವನ್ನೂ ವಿದ್ಯೆಗಳನ್ನೂ ಕೊಡುತ್ತಾನೆ. ಆ ಬೆಟ್ಟದ ದಕ್ಷಿಣ ಶ್ರೇಣಿಯಲ್ಲಿ 50, ಉತ್ತರ ಶ್ರೇಣಿಯಲ್ಲಿ 60 ವಿದ್ಯಾಧರ ಪಟ್ಟಣಗಳಂತೆ. ಈ ಕಥೆಯನ್ನು ನಾನು ಓದುವ ಬಗೆ ಇದು: ನೆಲದ ಪಾಲು ಸಿಗದವರಿಗೆ ಆಕಾಶ ಸಿಕ್ಕಿತು. ಗಗನಗಾಮಿಗಳ ಇಡೀ ಕುಲ ಪಾಲು ತಪ್ಪಿದ ಇಬ್ಬರು ದಾಯಾದಿಗಳಿಂದ ಶುರುವಾಗಿದೆ.

ಆಮೇಲೇನಾಯಿತು ನೋಡಿ. ಒಂದೆರಡು ತಲೆಮಾರು ಕಳೆಯುವಷ್ಟರಲ್ಲಿ ವಿದ್ಯೆಗಳಲ್ಲಿ ಮೂರು ಬಗೆ ಹುಟ್ಟಿಕೊಂಡವು: ತಂದೆಯ ಕಡೆಯಿಂದ ಬರುವ ಕುಲವಿದ್ಯೆ, ತಾಯಿಯ ಕಡೆಯಿಂದ ಬರುವ ಜಾತಿವಿದ್ಯೆ, ಉಪವಾಸ ಜಪಗಳಿಂದ ಗಳಿಸುವ ತಪೋವಿದ್ಯೆ. ಮೂರರಲ್ಲಿ ಎರಡು ಹುಟ್ಟಿನಿಂದಲೇ ಬರುತ್ತವೆ! ಪ್ರವೇಶಾತಿಯ ಪಟ್ಟಿಯನ್ನು ಅಂಟಿಸಿದ ಗೋಡೆಯ ಮುಂದೆ ನಿಂತ ಯಾವ ತಂದೆ ತಾಯಿಗೂ ಇದನ್ನು ವಿವರಿಸಬೇಕಾಗಿಲ್ಲ. ನೆಲೆ ಇಲ್ಲದೆ ಬಂದವರು ಬೆಟ್ಟದ ಮೇಲೆ ನೂರಹತ್ತು ಊರು ಕಟ್ಟಿ ನೆಲೆಯಾದರು, ಬಾಗಿಲು ಹಾಕಿಕೊಂಡರು.

ಈಗ ನನಗೆ ಬಹಳ ಪ್ರಿಯವಾದ ಕಥೆಗೆ ಬರುತ್ತೇನೆ. ಸಮ್ಯಕ್ತ್ವದ, ಅಂದರೆ ಸರಿಯಾದ ಶ್ರದ್ಧೆಯ, ಎಂಟು ಅಂಗಗಳಿಗೆ ಒಂದೊಂದು ಕಥೆ ಹೇಳುವ ಪರಂಪರೆ ಜೈನರಲ್ಲಿದೆ. ಮುಳಗುಂದದ ನಯಸೇನ 1112ರಲ್ಲಿ ಧರ್ಮಾಮೃತ ಬರೆದದ್ದು ಆ ಪರಂಪರೆಯಲ್ಲೇ. ಮೊದಲ ಅಂಗ ನಿಶ್ಶಂಕೆ, ಅದಕ್ಕೆ ಹೆಸರಾದವನು ಅಂಜನಚೋರ. ಸಮಂತಭದ್ರರ ರತ್ನಕರಂಡಕ ಶ್ರಾವಕಾಚಾರದ ಸಂಸ್ಕೃತ ಟೀಕೆಯಲ್ಲಿ ಪ್ರಭಾಚಂದ್ರ ಹೇಳುವ ರೂಪವನ್ನು ನಾನಿಲ್ಲಿ ಅನುಸರಿಸುತ್ತೇನೆ.

ರಾಜಗೃಹದಲ್ಲಿ ಜಿನದತ್ತನೆಂಬ ಶೆಟ್ಟಿ. ಕೃಷ್ಣ ಚತುರ್ದಶಿಯ ರಾತ್ರಿ ಸ್ಮಶಾನದಲ್ಲಿ ಉಪವಾಸವಿದ್ದು ಧ್ಯಾನಕ್ಕೆ ನಿಂತವನನ್ನು ಇಬ್ಬರು ದೇವತೆಗಳು ನಾನಾ ಬಗೆಯಲ್ಲಿ ಕಾಡುತ್ತಾರೆ. ಅವನು ಅಲುಗುವುದಿಲ್ಲ. ಮೆಚ್ಚಿ ಆಕಾಶಗಾಮಿನಿ ವಿದ್ಯೆಯನ್ನು ಕೊಟ್ಟು ಹೋಗುತ್ತಾರೆ. ಅಂದಿನಿಂದ ಶೆಟ್ಟಿ ಮೇರುಪರ್ವತದ ಚೈತ್ಯಾಲಯಗಳಿಗೆ ಪೂಜೆಗೆ ಹೋಗಿ ಬರತೊಡಗುತ್ತಾನೆ. ಅವನಿಗೆ ಹೂ ತಂದುಕೊಡುವ ಹುಡುಗ ಸೋಮದತ್ತ. ಬೆಳಗಾಗೆದ್ದು ಎಲ್ಲಿಗೆ ಹೋಗುತ್ತೀರಿ ಶೆಟ್ಟರೆ ಎಂದು ಒಂದು ದಿನ ಅವನು ಕೇಳುತ್ತಾನೆ. ಶೆಟ್ಟಿ ಇದ್ದದ್ದನ್ನು ಇದ್ದಂತೆ ಹೇಳುತ್ತಾನೆ. ನನಗೂ ಕಲಿಸಿ, ನಾನೂ ಹೂ ಹಿಡಿದು ನಿಮ್ಮ ಜೊತೆಗೇ ಬರುತ್ತೇನೆ ಎನ್ನುತ್ತಾನೆ ಹುಡುಗ.

ಶೆಟ್ಟಿ ವಿಧಿಯನ್ನು ಹೇಳಿಕೊಡುತ್ತಾನೆ. ಕೃಷ್ಣ ಚತುರ್ದಶಿಯ ರಾತ್ರಿ ಸ್ಮಶಾನದಲ್ಲಿ ಆಲದ ಮರದ ಪೂರ್ವದ ಕೊಂಬೆಗೆ ದರ್ಭೆಯ 108 ಎಳೆಗಳಿರುವ ಒಂದು ನೆಲುವು ಕಟ್ಟಬೇಕು. ಕೆಳಗೆ ನೆಲದಲ್ಲಿ ಹರಿತವಾದ ಆಯುಧಗಳನ್ನು ಮೊನೆ ಮೇಲಾಗುವಂತೆ ನೆಡಬೇಕು. ಉಪವಾಸವಿದ್ದು ನೆಲುವಿನೊಳಗೆ ಕೂತು, ಪಂಚನಮಸ್ಕಾರ ಮಂತ್ರವನ್ನು ಹೇಳುತ್ತ ಒಂದೊಂದೇ ಎಳೆಯನ್ನು ಕತ್ತಿಯಿಂದ ಕೊಯ್ಯುತ್ತ ಹೋಗಬೇಕು. ಕೊನೆಯ ಎಳೆ ಕಡಿದಾಗ ಬೀಳುವುದಿಲ್ಲ, ವಿದ್ಯೆ ಬಂದು ಎತ್ತಿಕೊಳ್ಳುತ್ತದೆ.

ಸೋಮದತ್ತ ಎಲ್ಲವನ್ನೂ ಹೇಳಿದಂತೆಯೇ ಮಾಡುತ್ತಾನೆ. ನೆಲುವಿನಲ್ಲಿ ಕೂರುತ್ತಾನೆ. ಕೆಳಗೆ ನೋಡುತ್ತಾನೆ. ಶೆಟ್ಟರ ಮಾತು ಸುಳ್ಳಾದರೆ ನನ್ನ ಗತಿ ಏನು ಎಂದುಕೊಂಡು ಇಳಿಯುತ್ತಾನೆ. ಮತ್ತೆ ಹತ್ತುತ್ತಾನೆ, ಮತ್ತೆ ಇಳಿಯುತ್ತಾನೆ.

ಅದೇ ರಾತ್ರಿ ಊರೊಳಗೆ ಅಂಜನಚೋರ ಕೆಲಸದಲ್ಲಿದ್ದಾನೆ. ರಾಣಿಯ ಕೊರಳಲ್ಲಿರುವ ಹಾರ ತಂದುಕೊಟ್ಟರೆ ಮಾತ್ರ ನೀನು ನನ್ನವನು ಎಂದು ಅವನ ಪ್ರಿಯೆಯಾದ ವೇಶ್ಯೆ ಹಟ ಹಿಡಿದಿದ್ದಾಳೆ. ಹಾರ ಕದಿಯುವುದೇನೋ ಸುಲಭವಾಯಿತು, ಆದರೆ ಅದರ ಹೊಳಪೇ ಅವನನ್ನು ಹಿಡಿದುಕೊಟ್ಟಿತು. ತಳವಾರರು ಬೆನ್ನಟ್ಟಿದರು. ಹಾರ ಎಸೆದು ಓಡಿ ಓಡಿ ಸ್ಮಶಾನ ಸೇರಿದವನಿಗೆ ಮರ ಹತ್ತಿ ಇಳಿಯುತ್ತಿರುವ ಹುಡುಗ ಕಾಣುತ್ತಾನೆ. ವಿಷಯ ಕೇಳುತ್ತಾನೆ, ಮಂತ್ರ ಹೇಳಿಸಿಕೊಳ್ಳುತ್ತಾನೆ, ನೆಲುವಿನಲ್ಲಿ ಕೂತು 108 ಎಳೆಗಳನ್ನೂ ಒಂದೇ ಏಟಿಗೆ ಕಡಿದುಬಿಡುತ್ತಾನೆ. ವಿದ್ಯೆ ಎದುರಿಗೆ ನಿಂತು, ಏನು ಅಪ್ಪಣೆ ಎಂದು ಕೇಳುತ್ತದೆ.

ಕಥೆಯ ಉದ್ದೇಶ ಸ್ಪಷ್ಟವಾಗಿದೆ: ಸಂಶಯಪಟ್ಟವನು ಉಳಿದ, ಸಂಶಯಪಡದವನು ಹಾರಿದ. ಆದರೆ ನನ್ನ ಮನಸ್ಸು ಸೋಮದತ್ತನ ಕಡೆಗೇ ವಾಲುತ್ತದೆ. ಅವನ ಸಂಶಯದಲ್ಲಿ ತಪ್ಪೇನಿದೆ? ಶೆಟ್ಟಿಗೆ ವಿದ್ಯೆ ಬಂದದ್ದು ನೆಲದ ಮೇಲೆ ಗಟ್ಟಿಯಾಗಿ ನಿಂತಿದ್ದಾಗ. ಹೂ ತರುವ ಹುಡುಗನಿಗೆ ಅದೇ ವಿದ್ಯೆ ಬರುವಾಗ ಕೆಳಗೆ ಈಟಿಗಳಿವೆ. ಇಬ್ಬರ ಪ್ರಶ್ನೆಪತ್ರಿಕೆ ಒಂದೇ ಅಲ್ಲ. ಕಳ್ಳ ಗೆದ್ದದ್ದು ಅವನ ಶ್ರದ್ಧೆ ದೊಡ್ಡದೆಂದೇ? ಇರಬಹುದು, ಟೀಕಾಕಾರರು ಹಾಗೆ ಹೇಳುತ್ತಾರೆ. ಆದರೆ ಕಥೆಯೇ ಇನ್ನೊಂದು ಕಾರಣವನ್ನೂ ಕೊಟ್ಟಿದೆ, ಅದನ್ನು ಯಾರೂ ಎತ್ತಿ ಹೇಳುವುದಿಲ್ಲ. ಸೋಮದತ್ತನಿಗೆ ಇಳಿದರೆ ಹೋಗಲು ಮನೆ ಇದೆ, ಬೆಳಗ್ಗೆ ಕೊಯ್ಯಬೇಕಾದ ಹೂ ಇದೆ. ಅಂಜನನಿಗೆ ಇಳಿದರೆ ತಳವಾರರಿದ್ದಾರೆ. ಕೆಳಗಿನ ಈಟಿ ಅವನಿಗೆ ಹಿಂದಿನ ಈಟಿಗಿಂತ ದೊಡ್ಡದಲ್ಲ.

ಏನು ಅಪ್ಪಣೆ ಎಂದು ವಿದ್ಯೆ ಕೇಳಿದಾಗ ಕಳ್ಳ ಎಲ್ಲಿಗೆ ಹೋಗಬಹುದಿತ್ತು? ರಾಜನ ಕೈಗೆ ಸಿಗದ ಯಾವ ದೇಶಕ್ಕಾದರೂ ಹೋಗಬಹುದಿತ್ತು. ಅವನು ಜಿನದತ್ತ ಶೆಟ್ಟಿಯ ಬಳಿಗೆ ಒಯ್ಯಿ ಎನ್ನುತ್ತಾನೆ. ಮೇರುವಿನ ಚೈತ್ಯಾಲಯದಲ್ಲಿ ಪೂಜೆಗೆ ನಿಂತ ಶೆಟ್ಟಿಯ ಎದುರು ಅವನನ್ನು ವಿದ್ಯೆ ಇಳಿಸುತ್ತದೆ. ಅಲ್ಲಿಂದ ಅವನ ನಿಜವಾದ ಪಾಠ ಶುರು. ಚಾರಣ ಮುನಿಗಳಿಂದ ದೀಕ್ಷೆ ಪಡೆದು ಕೈಲಾಸದಲ್ಲಿ ಮುಕ್ತನಾಗುತ್ತಾನೆ. ಬೇರೆ ಎಲ್ಲ ಕಡೆ ಶಾಲೆಗೆ ಹೋಗಿ ವಿದ್ಯೆ ಕಲಿತರೆ ಇವನು ವಿದ್ಯೆಯನ್ನು ಮೊದಲು ಪಡೆದು ಅದರಲ್ಲಿ ಕೂತು ಶಾಲೆಗೆ ಹೋದ. ಸೋಮದತ್ತ ಏನಾದ ಎಂದು ಟೀಕೆ ಹೇಳುವುದಿಲ್ಲ.

ನೆಲೆ ತಪ್ಪಿದವನಿಗೇ ಒಲಿಯುವುದು ಜೈನ ಕಥೆಯ ವೈಶಿಷ್ಟ್ಯವೇನಲ್ಲ. ಹನ್ನೊಂದನೆಯ ಶತಮಾನದ ಕಾಶ್ಮೀರದಲ್ಲಿ ಸೋಮದೇವ ಬರೆದ ಕಥಾಸರಿತ್ಸಾಗರದ ಪುತ್ರಕನನ್ನು ತೆಗೆದುಕೊಳ್ಳಿ. ಸ್ವಂತ ತಂದೆ, ಚಿಕ್ಕಪ್ಪ, ದೊಡ್ಡಪ್ಪಂದಿರೇ ಅವನನ್ನು ಕೊಲ್ಲಿಸಲು ವಿಂಧ್ಯವಾಸಿನಿಯ ಗುಡಿಗೆ ಕರೆತಂದಿದ್ದಾರೆ. ಕೊಲೆಗಾರರಿಗೆ ಒಡವೆ ಕೊಟ್ಟು ಕಾಡಿಗೆ ತಪ್ಪಿಸಿಕೊಂಡವನಿಗೆ ಮಯಾಸುರನ ಇಬ್ಬರು ಮಕ್ಕಳು ಹೊಡೆದಾಡುತ್ತಿರುವುದು ಕಾಣುತ್ತದೆ. ಅವರ ಜಗಳ ಒಂದು ಪಾತ್ರೆ, ಒಂದು ಕೋಲು, ಒಂದು ಜೊತೆ ಪಾದುಕೆಗಾಗಿ. ಪಾದುಕೆ ಮೆಟ್ಟಿದರೆ ಆಕಾಶದಲ್ಲಿ ಹಾರಬಹುದು. ಓಟದಲ್ಲಿ ಗೆದ್ದವನಿಗೆ ಸಿಗಲಿ ಎಂದು ಪುತ್ರಕ ನ್ಯಾಯ ಹೇಳುತ್ತಾನೆ. ಆ ದಡ್ಡರು ಓಡಿದ ಕೂಡಲೆ ಪಾದುಕೆ ಮೆಟ್ಟಿ ಮೂರನ್ನೂ ಎತ್ತಿಕೊಂಡು ಹಾರುತ್ತಾನೆ. ಇವನೂ ಕಳ್ಳನೇ, ಇವನೂ ಓಡಿ ಬಂದವನೇ. ಕೊನೆಗೆ ಪಾಟಲಿ ಎಂಬ ರಾಜಕುಮಾರಿಯನ್ನು ಕರೆದುಕೊಂಡು ಗಂಗೆಯ ದಡಕ್ಕೆ ಹಾರಿ, ಆ ಕೋಲಿನಿಂದ ನೆಲದ ಮೇಲೆ ಗೆರೆ ಎಳೆದು ಒಂದು ನಗರವನ್ನೇ ಬರೆಯುತ್ತಾನೆ. ಅದೇ ಪಾಟಲಿಪುತ್ರ ಎಂದು ಕಥೆ. ಮಗಧದ ರಾಜಧಾನಿಯ ಅಡಿಪಾಯದಲ್ಲಿ ಕದ್ದ ಪಾದುಕೆ ಇದೆ ಎಂದು ಬರೆಯಲು ಸೋಮದೇವನಿಗೆ ಎಷ್ಟು ಖುಷಿಯಾಗಿರಬೇಕು!

ಅಂಜನಚೋರನ ರಾಜಗೃಹದಲ್ಲೇ ಬೌದ್ಧರ ಇನ್ನೊಂದು ಕಥೆ ನಡೆಯುತ್ತದೆ. ವಿನಯಪಿಟಕದಲ್ಲಿರುವ ಈ ಕಥೆಯಲ್ಲೂ ಒಬ್ಬ ಶೆಟ್ಟಿ. ಗಂಧದ ಮರದ ಬಟ್ಟಲೊಂದನ್ನು ಎತ್ತರದ ಬಿದಿರಿಗೆ ಕಟ್ಟಿ, ಋದ್ಧಿ ಇರುವ ಅರ್ಹಂತ ಯಾರಾದರೂ ಇದ್ದರೆ ಬಂದು ತೆಗೆದುಕೊಳ್ಳಲಿ ಎನ್ನುತ್ತಾನೆ. ಪಿಂಡೋಲ ಭಾರದ್ವಾಜ ಮೇಲೆದ್ದು ಬಟ್ಟಲು ಹಿಡಿದು ಊರಿಗೆ ಮೂರು ಸುತ್ತು ಬರುತ್ತಾನೆ. ಜನ ಜಯಘೋಷ ಮಾಡುತ್ತ ಹಿಂದೆ ಬರುತ್ತಾರೆ. ಬುದ್ಧನಿಗೆ ಅದು ಸ್ವಲ್ಪವೂ ಹಿಡಿಸುವುದಿಲ್ಲ. ಒಂದು ಮರದ ಬಟ್ಟಲಿಗಾಗಿ ಗೃಹಸ್ಥರ ಮುಂದೆ ಋದ್ಧಿ ತೋರಿಸಿದೆಯಾ ಎಂದು ಗದರಿಸಿ, ಇನ್ನು ಮುಂದೆ ಯಾರೂ ತೋರಿಸಕೂಡದು ಎಂದು ನಿಯಮ ಮಾಡುತ್ತಾನೆ. ಬಟ್ಟಲನ್ನು ಒಡೆಸಿ ಪುಡಿ ಮಾಡಿಸಿ ಭಿಕ್ಷುಗಳ ಕಣ್ಣಿನ ಅಂಜನಕ್ಕೆ ಸುಗಂಧವಾಗಿ ಹಂಚಿಸುತ್ತಾನೆ. ವಿದ್ಯೆ ಇದ್ದೂ ತೋರಿಸಬಾರದೆಂಬ ನಿಯಮ ಇದೊಂದು ಶಾಲೆಯಲ್ಲಿ ಮಾತ್ರ ಹೀಗೆ ಬಿಗಿಯಾಗಿದೆ.

ಕುರ್‌ಆನಿನ 27ನೆಯ ಅಧ್ಯಾಯದಲ್ಲಿ ಬರುವ ಸುಲೈಮಾನರ ಪ್ರಸಂಗ ಇದಕ್ಕೆಲ್ಲ ಎದುರು ದಿಕ್ಕಿನದು. ಸಬಾ ದೇಶದ ರಾಣಿಯ ಸಿಂಹಾಸನವನ್ನು ಅವಳು ಬಂದು ಮುಟ್ಟುವ ಮೊದಲೇ ಯಾರು ತರುತ್ತೀರಿ ಎಂದು ಅವರು ಕೇಳುತ್ತಾರೆ. ನೀವು ಎದ್ದು ನಿಲ್ಲುವುದರೊಳಗೆ ತರುತ್ತೇನೆ ಎಂದು ಬಲಶಾಲಿ ಜಿನ್ ಒಬ್ಬ ಮುಂದೆ ಬರುತ್ತಾನೆ. ಗ್ರಂಥದ ಜ್ಞಾನವಿದ್ದ ಇನ್ನೊಬ್ಬನು ನಿಮ್ಮ ನೋಟ ಮರಳುವುದರೊಳಗೆ ಎನ್ನುತ್ತಾನೆ, ಸಿಂಹಾಸನ ಬಂದೇ ಬಿಡುತ್ತದೆ. ಬಲಕ್ಕಿಂತ ಅರಿವು ಬೇಗ ತಲುಪುತ್ತದೆ ಎಂದು ಇದನ್ನು ವಿವರಿಸುವುದುಂಟು. ನನಗೆ ಕಾಣುವುದು ಇನ್ನೊಂದು: ನೆಲೆ ಗಟ್ಟಿಯಾಗಿರುವ ದೊರೆ ಕೂತ ಜಾಗದಿಂದ ಏಳುವುದೇ ಇಲ್ಲ. ದೂರ ದಾಟಬೇಕಾದದ್ದು ಸಿಂಹಾಸನ. ಅಂಜನನಂಥವರು ತಾವೇ ಹೋಗುತ್ತಾರೆ, ಅಧಿಕಾರವಿದ್ದವರು ತರಿಸಿಕೊಳ್ಳುತ್ತಾರೆ. ಮೊಬೈಲಿನಲ್ಲಿ ಗುಂಡಿ ಒತ್ತಿ ಹತ್ತು ನಿಮಿಷದಲ್ಲಿ ತೆಂಗಿನಕಾಯಿ ತರಿಸಿಕೊಳ್ಳುವ ನಾವು ಸಹ ಈ ಎರಡನೆಯ ಸಾಲಿನಲ್ಲೇ ಕೂತಿದ್ದೇವೆ. ಮಳೆಯಲ್ಲಿ ಬೈಕು ಓಡಿಸುವ ಹುಡುಗ ನಮ್ಮ ಪಾಲಿನ ಜಿನ್.

ಇಂಗ್ಲಿಷಿಗೆ ಬಂದರೆ, ಈ ವಿಷಯದಲ್ಲಿ ಎಲ್ಲರಿಗಿಂತ ಆಳಕ್ಕೆ ಹೋದವನು ಆಲ್ಫ್ರೆಡ್ ಬೆಸ್ಟರ್ ಎಂಬ ಅಮೆರಿಕದ ಲೇಖಕ. ಅವನ ‘ದಿ ಸ್ಟಾರ್ಸ್ ಮೈ ಡೆಸ್ಟಿನೇಶನ್’ ಕಾದಂಬರಿ 1956ರಲ್ಲಿ ಬಂತು. ಅದರ ಇಪ್ಪತ್ತೈದನೆಯ ಶತಮಾನದಲ್ಲಿ ಎಲ್ಲರೂ ಮನಸ್ಸಿನ ಬಲದಿಂದಲೇ ಜಾಗ ಬದಲಿಸುತ್ತಾರೆ. ಅದಕ್ಕೆ ಜಾಂಟ್ ಎಂದು ಹೆಸರು. ಈ ವಿದ್ಯೆ ಮೊದಲು ಕಂಡದ್ದು ಹೇಗೆ? ಜಾಂಟ್ ಎಂಬ ಸಂಶೋಧಕನ ಮೈಗೆ ಪ್ರಯೋಗಾಲಯದಲ್ಲಿ ಆಕಸ್ಮಿಕವಾಗಿ ಬೆಂಕಿ ಹತ್ತಿಕೊಳ್ಳುತ್ತದೆ. ಉರಿಯುತ್ತಿದ್ದವನು ಮರುಕ್ಷಣ 70 ಅಡಿ ಆಚೆ ಬೆಂಕಿ ಆರಿಸುವ ಸಲಕರಣೆಯ ಪಕ್ಕದಲ್ಲಿರುತ್ತಾನೆ. ಆಮೇಲೆ ವಿಜ್ಞಾನಿಗಳು ಸ್ವಯಂಸೇವಕರನ್ನು ಗಾಜಿನ ತೊಟ್ಟಿಯಲ್ಲಿ ಮುಚ್ಚಿ ನೀರು ತುಂಬಿಸಿ ಪರೀಕ್ಷೆ ಮಾಡುತ್ತಾರೆ. ಮುಳುಗುವುದೊಂದೇ ಉಳಿದ ದಾರಿ ಎಂದಾದಾಗ ಕೆಲವರು ಹೊರಗೆ ಕಾಣಿಸಿಕೊಳ್ಳುತ್ತಾರೆ. ಆಲದ ಮರ, ನೆಲುವು, ಕೆಳಗೆ ಈಟಿ! ಪ್ರಭಾಚಂದ್ರನ ಹೆಸರನ್ನೂ ಕೇಳಿರಲಾರದ ಬೆಸ್ಟರ್ ಅದೇ ಪರೀಕ್ಷೆಯನ್ನು ಮತ್ತೆ ಕಟ್ಟಿದ್ದಾನೆ.

ಅಪಘಾತ ವಿದ್ಯೆಯಾಗುತ್ತಲೇ ಬೆಸ್ಟರನ ಲೋಕಕ್ಕೆ ಶಾಲೆ ಬರುತ್ತದೆ. ತಲೆಗೆ ಪೆಟ್ಟು ಬಿದ್ದು ವಿದ್ಯೆ ಮರೆತ ರೋಗಿಗಳಿಗೆ ರಾಬಿನ್ ವೆಡ್ನಸ್‌ಬರಿ ಎಂಬ ಶಿಕ್ಷಕಿ ಒಂದು ಆಸ್ಪತ್ರೆಯಲ್ಲಿ ಮತ್ತೆ ಪಾಠ ಹೇಳುತ್ತಾಳೆ. ಹೋಗುವ ಜಾಗವನ್ನು ಕಣ್ಣಿಗೆ ಕಟ್ಟಿದಂತೆ ನೆನಪಿಟ್ಟುಕೊಳ್ಳಬೇಕು, ತಾನು ಈಗ ಎಲ್ಲಿದ್ದೇನೆಂಬುದೂ ಗೊತ್ತಿರಬೇಕು. ಮಿತಿ ಸಾವಿರ ಮೈಲಿ. ತಾನಿರುವ ಜಾಗ ತಿಳಿಯದಂತೆ ಕೈದಿಗಳನ್ನು ನೆಲದಡಿಯ ಕತ್ತಲಲ್ಲಿಡುತ್ತಾರೆ, ಅಲ್ಲಿಂದ ಕುರುಡಾಗಿ ಹಾರಿದವನು ಬಂಡೆಯೊಳಗೆ ಸಿಡಿಯುತ್ತಾನೆ. ಕಳ್ಳರು ಭೂಮಿಯ ಕತ್ತಲ ಭಾಗದ ಜೊತೆ ಜೊತೆಗೇ ಊರಿಂದೂರಿಗೆ ಹಾರುತ್ತ ದೋಚುತ್ತಾರೆ. ಸಿರಿವಂತರು ಮನೆಗೆ ಚಕ್ರವ್ಯೂಹದಂಥ ಪ್ರವೇಶ ಕಟ್ಟಿಸಿಕೊಂಡು ಹೆಂಗಸರನ್ನು ಒಳಗೆ ಕೂರಿಸುತ್ತಾರೆ. ತಾವು ಮಾತ್ರ ಸಾರೋಟಿನಲ್ಲಿ, ಹಳೆಯ ಕಾಲದ ವಾಹನಗಳಲ್ಲಿ ನಿಧಾನವಾಗಿ ಸಾಗುತ್ತಾರೆ. ಎಲ್ಲರಿಗೂ ವೇಗ ಸಿಕ್ಕಿದ ಮೇಲೆ ನಿಧಾನವೇ ದೊಡ್ಡಸ್ತಿಕೆ. ಹೆಣ್ಣುಮಕ್ಕಳ ವಿಷಯದಲ್ಲಿ ಬೆಸ್ಟರ್ ಕಂಡದ್ದು ನನ್ನನ್ನು ಬಹಳ ಕಾಡಿದೆ. ದೂರ ಅಳಿದರೆ ಬಿಡುಗಡೆ ಎಂದು ನಾವು ಎಣಿಸುತ್ತೇವೆ. ಅಳಿದ ದೂರದ ಜಾಗದಲ್ಲಿ ಗೋಡೆ ಏಳುತ್ತದೆ ಎಂದು ಅವನು ಎಣಿಸಿದ.

ಹ್ಯಾರಿ ಪಾಟರನ್ನು ಇಲ್ಲಿರುವ ಮಕ್ಕಳೆಲ್ಲ ನನಗಿಂತ ಚೆನ್ನಾಗಿ ಬಲ್ಲರು, ಬೇಗ ಮುಗಿಸುತ್ತೇನೆ. 1997ರ ಮೊದಲ ಪುಸ್ತಕದಲ್ಲಿ ದೊಡ್ಡಮ್ಮನ ಮಗ ಡಡ್ಲಿ ಮತ್ತವನ ಗುಂಪು ಅಟ್ಟಿಸಿಕೊಂಡು ಬಂದಾಗ ಅನಾಥ ಹುಡುಗ ಹ್ಯಾರಿ ಹೇಗೋ ಶಾಲೆಯ ಅಡುಗೆಮನೆಯ ಮಾಡಿನ ಮೇಲೆ ಕಾಣಿಸಿಕೊಳ್ಳುತ್ತಾನೆ. ಅವನಿಗೇ ಗೊತ್ತಿಲ್ಲ ಹೇಗೆಂದು. 2005ರ ಆರನೆಯ ಪುಸ್ತಕಕ್ಕೆ ಬರುವಾಗ ಅದೇ ವಿದ್ಯೆಗೆ 12 ವಾರದ ಕೋರ್ಸು, 12 ಗ್ಯಾಲಿಯನ್ ಶುಲ್ಕ, 17 ತುಂಬಿರಬೇಕೆಂಬ ನಿಯಮ, ಸರ್ಕಾರದಿಂದ ಬಂದ ಬೋಧಕ, ನೆಲದ ಮೇಲೆ ಮರದ ಬಳೆ, ಕೊನೆಗೊಂದು ಪರೀಕ್ಷೆ. ಅರ್ಧ ಹುಬ್ಬು ಹಿಂದೆ ಉಳಿಯಿತೆಂದು ಹ್ಯಾರಿಯ ಗೆಳೆಯ ರಾನ್ ನಪಾಸು! ನಮ್ಮ ಆರ್‌ಟಿಒ ಕಚೇರಿಯಲ್ಲಿ ಎಂಟರ ಆಕಾರ ಓಡಿಸುವಾಗ ಕಾಲು ಕೆಳಗಿಟ್ಟವರಿಗೆ ರಾನ್‌ನ ದುಃಖ ಅರ್ಥವಾಗುತ್ತದೆ. ಲೇಖಕಿ ರೌಲಿಂಗ್ ಇದನ್ನು ತಮಾಷೆಗೆ ಬರೆದರು. ಆದರೆ ಓಡಿ ತಪ್ಪಿಸಿಕೊಂಡವನ ಆಪತ್ತಿನಿಂದ ಲೈಸೆನ್ಸಿನವರೆಗಿನ ಇಡೀ ದಾರಿ ಆ ಆರು ಪುಸ್ತಕಗಳಲ್ಲಿದೆ.

ಅರ್ಸುಲಾ ಲೆ ಗ್ವಿನ್ 1968ರಲ್ಲಿ ಬರೆದ ‘ಎ ವಿಜರ್ಡ್ ಆಫ್ ಅರ್ತ್‌ಸೀ’ಯಲ್ಲಿ ರೋಕ್ ಎಂಬ ದ್ವೀಪದ ಶಾಲೆ ಇದೆ. ಅಲ್ಲಿ ಒಂಬತ್ತು ಗುರುಗಳು, ಅವರಲ್ಲಿ ಒಬ್ಬ ದ್ವಾರಪಾಲಕ. ಬಾಗಿಲು ಕಾಯುವವನನ್ನೂ ಗುರುಗಳ ಸಾಲಿನಲ್ಲಿ ಕೂರಿಸಿದ ಶಾಲೆ ಅದು. ಒಳಗೆ ಬರಲು ಹುಡುಗ ತನ್ನ ಹೆಸರು ಒಪ್ಪಿಸಬೇಕು, ಕಲಿತು ಹೊರಗೆ ಹೋಗಲು ದ್ವಾರಪಾಲಕನ ಹೆಸರು ತಿಳಿದಿರಬೇಕು. ಮಂತ್ರ ತಂತ್ರಗಳಿಂದ ಅದನ್ನು ಕಂಡುಹಿಡಿಯಲು ಹೊರಟರೆ ಆಗುವುದಿಲ್ಲ, ಸುಮ್ಮನೆ ಕೇಳಿದರೆ ಆತ ಹೇಳಿಬಿಡುತ್ತಾನೆ. ಅಲ್ಲಿ ಕಲಿತ ಗೆಡ್ ಮುಂದೆ ಬೆನ್ನಟ್ಟಿದ ಕೇಡಿನಿಂದ ತಪ್ಪಿಸಿಕೊಳ್ಳಲು ಗಿಡುಗನಾಗಿ ಸಮುದ್ರವನ್ನು ದಾಟುತ್ತಾನೆ. ಹಾರುತ್ತ ಹಾರುತ್ತ ಗಿಡುಗನ ಮನಸ್ಸೇ ಅವನದಾಗಿ ಮಾತು ಮರೆತುಹೋಗುತ್ತದೆ. ಹಳೆಯ ಗುರು ಒಗಿಯನ್ ಅವನನ್ನು ಗುರುತಿಸಿ ಮತ್ತೆ ಮನುಷ್ಯನನ್ನಾಗಿ ಮಾಡಬೇಕಾಗುತ್ತದೆ. ಇದು ಕ್ಷಣದ ಪ್ರಯಾಣವಲ್ಲ, ನಿಜ. ಆದರೂ ಇದನ್ನು ಹೇಳಿದೆ, ಏಕೆಂದರೆ ಹೋದವನನ್ನು ಗುರುತು ಹಿಡಿಯುವವರು ಆಚೆ ದಡದಲ್ಲಿ ಇರಬೇಕೆಂಬ ಮಾತನ್ನು ಬೇರೆ ಯಾವ ಶಾಲೆಯೂ ಪಾಠದಲ್ಲಿ ಸೇರಿಸಿಲ್ಲ.

ಇದೆಲ್ಲ ಕಥೆಯಾಯಿತು, ನಿಜವಾಗಿ ಹೋದರೆ ಏನಾಗುತ್ತದೆ ಎಂದು ಎಂಜಿನಿಯರುಗಳು ಕೇಳಬಹುದು. ಲ್ಯಾರಿ ನಿವೆನ್ ಎಂಬ ಲೇಖಕ 1969ರಲ್ಲಿ ಅದನ್ನೇ ಲೆಕ್ಕ ಹಾಕಿ ತೋರಿಸಿದ. ಅವನ ದಾರಿಯಲ್ಲಿ ನಮ್ಮ ಊರುಗಳ ಲೆಕ್ಕ ನಾನು ಮಾಡಿದ್ದೇನೆ. ಭೂಮಿ ತಿರುಗುವಾಗ ಬೆಂಗಳೂರು ಪೂರ್ವಕ್ಕೆ ಗಂಟೆಗೆ ಸುಮಾರು 1,630 ಕಿಲೋಮೀಟರ್ ವೇಗದಲ್ಲಿ ಸಾಗುತ್ತಿದೆ. ಧ್ರುವಕ್ಕೆ ಇನ್ನಷ್ಟು ಹತ್ತಿರವಿರುವ ದೆಹಲಿಯ ವೇಗ ಸುಮಾರು 1,470. ಇಲ್ಲಿಂದ ಮಾಯವಾಗಿ ಅಲ್ಲಿ ಕಾಣಿಸಿಕೊಂಡವನು ಬೆಂಗಳೂರಿನ ವೇಗವನ್ನು ಮೈಯಲ್ಲಿ ಹೊತ್ತೇ ಹೋಗಿರುತ್ತಾನೆ. ಆದ್ದರಿಂದ ಗಂಟೆಗೆ 160 ಕಿಲೋಮೀಟರ್ ವೇಗದಲ್ಲಿ ಪೂರ್ವದ ಗೋಡೆಗೆ ಬಡಿಯುತ್ತಾನೆ.

ಮಂಗಳೂರಿಗೆ ಹೋಗುತ್ತೇನೆಂದರೆ ಇನ್ನೊಂದು ಫಜೀತಿ. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಮೇಲಿದೆ. ಅಷ್ಟು ಎತ್ತರದಿಂದ ಇಳಿದಾಗ ಬಿಡುಗಡೆಯಾಗುವ ಶಕ್ತಿಯನ್ನು ಶಿರಾಡಿ ಘಾಟಿಯಲ್ಲಿ ಬಸ್ಸಿನ ಬ್ರೇಕು ಬಿಸಿಯಾಗಿ ಕಳೆಯುತ್ತದೆ. ಬಸ್ಸಿಲ್ಲದೆ ಹೋದರೆ ಅದು ನಮ್ಮ ಮೈಯಲ್ಲೇ ಶಾಖವಾಗಬೇಕು. ಲೆಕ್ಕ ಹಾಕಿದರೆ ಸುಮಾರು ಎರಡೂವರೆ ಡಿಗ್ರಿ ಸೆಲ್ಸಿಯಸ್. ಅಂದರೆ ಮಂಗಳೂರಿನಲ್ಲಿ ಕಾಲಿಡುವಾಗಲೇ 103 ಡಿಗ್ರಿ ಫ್ಯಾರನ್‌ಹೀಟ್ ಜ್ವರ. ವಾಪಸು ಬರುವಾಗ ಅಷ್ಟೇ ತಣ್ಣಗಾಗಿ ಗಡಗಡ ನಡುಗಬೇಕು.

1993ರಿಂದ ಭೌತವಿಜ್ಞಾನಿಗಳು ಕ್ವಾಂಟಂ ಟೆಲಿಪೋರ್ಟೇಶನ್ ಎನ್ನುತ್ತಿರುವುದಕ್ಕೂ ಇಂಥದೇ ಕರಾರಿದೆ. ಅಲ್ಲಿ ದಾಟುವುದು ಕಣವಲ್ಲ, ಕಣದ ಸ್ಥಿತಿ. ಮೂಲದ ಸ್ಥಿತಿ ಅಳಿಯುತ್ತದೆ. ಜೊತೆಗೆ ಸಾಧಾರಣ ಸಂದೇಶವೊಂದು ಬೆಳಕಿಗಿಂತ ವೇಗವಿಲ್ಲದೆ ಹೋಗಿ ಮುಟ್ಟಿದರೆ ಮಾತ್ರ ಆಚೆಯವರಿಗೆ ಅದು ದಕ್ಕುತ್ತದೆ. ಚೀನಾದವರು ಉಪಗ್ರಹದ ಮೂಲಕ 1,400 ಕಿಲೋಮೀಟರ್‌ವರೆಗೆ ಇದನ್ನು ಮಾಡಿ 2017ರಲ್ಲಿ ಪ್ರಕಟಿಸಿದರು. ಮನುಷ್ಯರಿಗೆ ಇದು ಬರುತ್ತದೆ ಎಂದು ಯಾರಾದರೂ ಷೇರು ಮಾರಲು ಬಂದರೆ ಕೊಳ್ಳಬೇಡಿ.

ಕನ್ನಡದವರು ಈ ಪ್ರಯಾಣವನ್ನು ಬಹಳ ಕಡಿಮೆ ಖರ್ಚಿನಲ್ಲಿ ಮಾಡಿದ್ದಾರೆ ಎಂಬುದನ್ನೂ ಹೇಳಬೇಕು. ಯಕ್ಷಗಾನದ ಪ್ರಯಾಣ ಕುಣಿತದಲ್ಲಿ ವೇಷಧಾರಿ ರಂಗಸ್ಥಳದಲ್ಲಿ ನಾಲ್ಕು ಸುತ್ತು ಬಂದರೆ ಹಸ್ತಿನಾವತಿಯಿಂದ ದ್ವಾರಕೆ ಬರುತ್ತದೆ. ಯಾರೂ ಎದ್ದು ಇದು ಹೇಗೆ ಎಂದು ಕೇಳಿದ್ದಿಲ್ಲ. ಉಡುಪಿಯ ಕಡೆಯ ಉದ್ಯಾವರದಲ್ಲಿ ಹುಟ್ಟಿ ತೆಲುಗು ಸಿನಿಮಾದಲ್ಲಿ ಜಾನಪದ ಬ್ರಹ್ಮ ಎನಿಸಿಕೊಂಡ ಬಿ. ವಿಠಲಾಚಾರ್ಯರು ಮಾಂತ್ರಿಕರನ್ನು ತೆರೆಯ ಮೇಲೆ ಹೀಗೇ ಮಾಯಮಾಡಿದವರು. ಇದರ ಹಳೆಯ ಉಪಾಯ ಸರಳ: ಕ್ಯಾಮೆರಾ ನಿಲ್ಲಿಸುವುದು, ನಟ ನಡೆದು ಆಚೆ ಹೋಗುವುದು, ಕ್ಯಾಮೆರಾ ಮತ್ತೆ ಚಾಲೂ ಮಾಡುವುದು. ನೋಡುವವನಿಗೆ ದಾರಿ ಉಳಿಯಿತು. ನಟ ಮಾತ್ರ ನಡೆದೇ ಹೋಗಬೇಕಾಯಿತು.

ನಮ್ಮ ಹೊಸ ಲೇಖಕರು ಈಗ ಫ್ಯಾಂಟಸಿ ಬರೆಯುತ್ತಿದ್ದಾರೆ, ಸಂತೋಷ. ಮಾಯಾಶಾಲೆ ಎಂದ ಕೂಡಲೆ ಅವರಲ್ಲಿ ಹಲವರು ಕೋಟೆ, ಗೋಪುರ, ಉದ್ದ ನಿಲುವಂಗಿ ತರುತ್ತಾರೆ. ಅವರಲ್ಲಿ ನನ್ನದೊಂದು ಕೋರಿಕೆ. ವ್ಯಾಸಭಾಷ್ಯದ ನಾಲ್ಕು ತರಗತಿ ತೆಗೆದುಕೊಳ್ಳಿ. ಹೂವಿಗೆ ನೋವಾಗದಂತೆ ಕಾಲಿಡುವ ಚಾರಣರ ಪರೀಕ್ಷೆ ಇಡಿ. 103 ಡಿಗ್ರಿ ಜ್ವರಕ್ಕೆ ಏನು ಮಾಡಬೇಕೆಂದು ಒಂದು ಪಾಠ ಸೇರಿಸಿ. ಓಡಿಬಂದ ಅಂಜನನಿಗೆ ಹಾರಲು ಯಾವ ಶಾಲೆಯ ಹಂಗೂ ಬೇಕಾಗಲಿಲ್ಲ, ಅವನ ಕಥೆ ಮುಗಿದಿದೆ. ಮೊದಲ ದಿನ ಅರ್ಜಿ ಹಿಡಿದು ಬರುವ ಹುಡುಗ ಸೋಮದತ್ತ ಆಗಿರಲಿ. ಮನೆ ಇದ್ದೂ, ಬೆಳಗಿನ ಕೆಲಸ ಇದ್ದೂ, ಮೇರುವನ್ನು ಕಣ್ಣಾರೆ ನೋಡಬೇಕೆಂದು ಆಸೆಪಟ್ಟವನು ಅವನೊಬ್ಬನೇ. ಕೆಳಗಿರುವ ಈಟಿಗಳನ್ನು ಯಾಕೆ ನೆಟ್ಟಿದ್ದೀರಿ ಎಂದು ಅವನು ಕೇಳಿದಾಗ ನಿಮ್ಮ ಕಥೆಯ ಗುರು ಏನು ಉತ್ತರ ಕೊಡುತ್ತಾನೆ ಎಂಬುದನ್ನು ಓದಲು ನಾನು ಕಾಯುತ್ತಿರುತ್ತೇನೆ.